ಅಳಿವೆಯ ಎರಡು ದಡ

ಒಂದು ಮಳೆಗಾಲದಿಂದ ಮುಂದಿನ ಮಳೆಗಾಲದವರೆಗೆ ನಮ್ಮ ಹೋಟೆಲಿನಲ್ಲಿ ಅಣ್ಣ ತಮ್ಮ ಒಬ್ಬರಿಗೊಬ್ಬರು ಮಾತಾಡಲಿಲ್ಲ. ಅಣ್ಣ ಅಂದರೆ ನನ್ನ ಭಾವ, ಗಲ್ಲಾದಲ್ಲಿ ಕೂರುವವರು. ತಮ್ಮ ಅಂದರೆ ನನ್ನ ಗಂಡ, ಅಡುಗೆಮನೆ ನೋಡಿಕೊಳ್ಳುವವರು. ಇಬ್ಬರ ನಡುವೆ ಒಂದು ಗೋಡೆ, ಗೋಡೆಯಲ್ಲಿ ದೋಸೆ ಇಡ್ಲಿ ಹೊರಗೆ ಕೊಡುವ ಕಿಂಡಿ. ಬೆಣ್ಣೆ ತೀರಿದೆ ಎನ್ನಬೇಕಾದರೆ ನನ್ನ ಗಂಡ ಸಪ್ಲೈಯರನಿಗೆ ಹೇಳುವರು, ಅವನು ಬಂದು ಭಾವನಿಗೆ ಹಿಂದಿಯಲ್ಲಿ ಹೇಳುವನು. ಭಾವನ ಉತ್ತರವೂ ಅದೇ ದಾರಿಯಲ್ಲಿ ವಾಪಸು ಹೋಗುವುದು. ಪುಣೆಯ ಸ್ವಾರಗೇಟ ಬಸ್‌ಸ್ಟ್ಯಾಂಡಿನಿಂದ ಇಳಿದು ಬಂದು ಚಹಾ ಕುಡಿಯುವ ಗಿರಾಕಿಗಳಿಗೆ ಇದು ಕಾಣುತ್ತಿರಲಿಲ್ಲ. ಶಾಲೆ ಮುಗಿಸಿ ಸಂಜೆ ಹೋಟೆಲಿಗೆ ಹೋಗುವ ನನಗೆ ಮಾತ್ರ ಒಳಗೆ ಕಾಲಿಡುವಾಗಲೇ ತಿಳಿಯುತ್ತಿತ್ತು.

ಜಗಳದ ಬುಡ ಪುಣೆಯಲ್ಲಿರಲಿಲ್ಲ, ಕುಂದಾಪುರದ ಕಡೆಯ ಒಂದು ಸಣ್ಣ ಅಳಿವೆಯಲ್ಲಿತ್ತು. ಹೊಳೆ ಕಡಲನ್ನು ಸೇರುವ ಜಾಗಕ್ಕೆ ಅವರ ಕಡೆ ಅಳಿವೆ ಅನ್ನುತ್ತಾರೆ. ನನಗೆ ಆ ಮಾತು ಮದುವೆಯಾದ ಮೇಲೆ ಬಂದದ್ದು. ನಾನು ಕಲಬುರಗಿ ಸೀಮೆಯವಳೆಂದು ಹೇಳಿಕೊಳ್ಳುತ್ತೇನಾದರೂ ಹುಟ್ಟಿ ಬೆಳೆದದ್ದು ಇಲ್ಲಿಯೇ, ಪುಣೆಯಲ್ಲಿ. ಅಪ್ಪ ಅವ್ವ ಕಟ್ಟಡದ ಕೆಲಸಕ್ಕೆ ಬಂದವರು. ಮರಳೆಂದರೆ ನನಗೆ ಲಾರಿಯಲ್ಲಿ ಬಂದು ಸುರಿಯುವ ಸಾಮಾನು. ಸಂಜೆ ಅದರ ಮೇಲೆ ಆಡಿದರೆ ಮೇಸ್ತ್ರಿಯ ಬೈಗುಳ. ಮುಂದೆ ಓದಿ ಇಲ್ಲಿನ ಕನ್ನಡ ಶಾಲೆಯಲ್ಲಿ ಸಮಾಜ ಪಾಠ ಹೇಳುವ ಟೀಚರಾದೆ. ಕಡಲು ತೀರವನ್ನು ಹೇಗೆ ಕೊರೆಯುತ್ತದೆ, ಕೊರೆದದ್ದನ್ನು ಎಲ್ಲಿ ಒಯ್ದು ಹಾಕುತ್ತದೆ ಎಂಬುದನ್ನು ಕಡಲೇ ಕಾಣದೆ ಎಷ್ಟೋ ತರಗತಿಗಳಿಗೆ ಕಲಿಸಿದೆ. ಹೋಟೆಲಿನವರ ಮನೆಗೆ ಸೊಸೆಯಾಗಿ ಹೋದ ಮೇಲೆಯೇ ನಾನು ಮೊದಲ ಸಲ ಅಲೆಯಲ್ಲಿ ಕಾಲಿಟ್ಟದ್ದು.

ಅಳಿವೆಯ ಎರಡೂ ಬದಿಗೆ ಮಾವನಿಗೆ ಜಾಗವಿತ್ತು. ತೆಂಕು ದಡದಲ್ಲಿ, ಅಂದರೆ ದಕ್ಷಿಣಕ್ಕೆ, ತೆಂಗಿನ ತೋಪು, ಸಿಹಿನೀರಿನ ಬಾವಿ, ಒಂದು ಮೂಲೆಯಲ್ಲಿ ನಾಗಬನ. ಬನವೆಂದರೆ ನಾಲ್ಕಾರು ಮರಗಳ ನೆರಳು, ಅದರಡಿಯಲ್ಲಿ ಮನೆತನದ ಮೂರು ನಾಗರ ಕಲ್ಲುಗಳು. ಉತ್ತರದ ಬಡಗು ದಡದ ಜಾಗವೋ, ಮುಳ್ಳು ಕೇದಗೆ ಬೆಳೆದ ಕಿರಿದಾದ ಪಟ್ಟಿ. ಮಳೆಗಾಲದಲ್ಲಿ ಉಪ್ಪುನೀರು ಅದರ ಅರ್ಧಕ್ಕೆ ಏರುತ್ತಿತ್ತು. ಮಾವ ತೀರಿಕೊಂಡ ಮೇಲೆ ಪಾಲಾಯಿತು. ಹೋಟೆಲು ಇಬ್ಬರಿಗೂ ಸೇರಿ ಇರಲಿ ಎಂದಾಯಿತು. ಊರಿನ ಜಾಗದಲ್ಲಿ ತೆಂಕು ದಡ ಹಿರಿಯನಾದ ತನಗೆ, ಬಡಗು ದಡ ತಮ್ಮನಿಗೆ ಎಂದು ಭಾವ ಹೇಳಿದರು. ಹೋಟೆಲು ಸಾಕಾದ ಮೇಲೆ ಆ ತೋಪಿನಲ್ಲಿ ಮನೆ ಕಟ್ಟಿಕೊಂಡು ಇರಬೇಕು ಎಂಬುದು ಅವರ ಆಸೆಯಾಗಿತ್ತು. ಹೆಂಡತಿ ತೀರಿಕೊಂಡ ಮೇಲಂತೂ ಅದೊಂದೇ ಮಾತು. ನನ್ನ ಗಂಡ ತುಟಿ ಬಿಚ್ಚಲಿಲ್ಲ, ತೋರಿಸಿದ ಕಡೆ ರುಜು ಹಾಕಿದರು. ಅವರ ಸ್ವಭಾವವೇ ಅಂಥದ್ದು ಅಂದುಕೊಂಡು ನಾನೂ ಸುಮ್ಮನಾದೆ.

ಮುಂದೆ ಕೆಲವು ವರ್ಷಗಳಲ್ಲಿ ಮೀನುಗಾರಿಕೆ ದೋಣಿಗಳಿಗೆ ಅನುಕೂಲವಾಗಲೆಂದು ಅಳಿವೆಯ ಬಾಯಿಗೆ ಕಲ್ಲಿನ ತಡೆಗೋಡೆ ಬಂತು. ದೊಡ್ಡ ದೊಡ್ಡ ಬಂಡೆಗಳನ್ನು ಕಡಲಿನೊಳಕ್ಕೆ ಚಾಚಿ ಹಾಕಿದ ಎರಡು ತೋಳು. ಅದಾದ ಮೇಲೆ ಊರಿಗೆ ಹೋದಾಗಲೆಲ್ಲ ನಾವು ಎರಡು ದಡಗಳಲ್ಲಿ ಕಂಡದ್ದು ಬೇರೆ ಬೇರೆ. ಬಡಗು ದಡದಲ್ಲಿ ಮರಳು ತುಂಬತೊಡಗಿತು. ಕೇದಗೆಯ ಸಾಲಿನಿಂದ ನೀರಿಗೆ ಹೋಗಲು ಬಿಸಿಲಿನಲ್ಲಿ ಕಾಲು ಸುಡುವಷ್ಟು ದೂರ ನಡೆಯಬೇಕಾಯಿತು. ತೆಂಕಿನಲ್ಲಿ ಕಡಲು ಒಳಗೆ ಬಂತು. ಮೊದಲ ಸಾಲಿನ ತೆಂಗು ಹೋಯಿತು, ಎರಡನೆಯದು ಹೋಯಿತು. ಒಂದು ವರ್ಷ ನೋಡಿದರೆ ಬಾವಿಯ ಸುತ್ತಲಿನ ಮಣ್ಣೆಲ್ಲ ಕರಗಿ, ಕಲ್ಲುಕಟ್ಟಣೆ ಮಾತ್ರ ಗೋಪುರದಂತೆ ಅಲೆಯ ನಡುವೆ ನಿಂತಿತ್ತು.

ಆ ಸಲ ಊರಿನಿಂದ ಬಂದ ಭಾವ ಮಧ್ಯಾಹ್ನದ ಗಲಾಟೆ ಇಳಿದ ಮೇಲೆ ನನ್ನನ್ನು ಕರೆದು ಕೂರಿಸಿಕೊಂಡರು. ಮನೆಯಲ್ಲಿ ಎಲ್ಲರೂ ನನ್ನನ್ನು ಟೀಚರ್ ಎಂದೇ ಕರೆಯುವುದು. ಒಂದೇ ಕಡಲು ಒಬ್ಬನಿಂದ ಕಿತ್ತು ಇನ್ನೊಬ್ಬನಿಗೆ ಕೊಡುವುದು ಹೇಗೆ, ಮಕ್ಕಳಿಗೆ ಹೇಳಿದಂತೆ ತನಗೂ ಹೇಳು ಎಂದರು. ನಾನು ಅಡುಗೆಮನೆಯಿಂದ ಒಂದು ಅಗಲವಾದ ತಟ್ಟೆಯಲ್ಲಿ ರವೆ ತರಿಸಿದೆ. ಅಲೆ ತೀರಕ್ಕೆ ನೇರವಾಗಿ ಬರುವುದಿಲ್ಲ, ಓರೆಯಾಗಿ ಬರುತ್ತದೆ. ಹಾಗೆ ಬಂದಾಗಲೆಲ್ಲ ಮರಳನ್ನು ಸ್ವಲ್ಪ ಸ್ವಲ್ಪ ಪಕ್ಕಕ್ಕೆ ಸರಿಸುತ್ತದೆ. ತೀರದ ಮರಳು ಹೀಗೆ ಯಾವಾಗಲೂ ನಡೆಯುತ್ತಲೇ ಇರುತ್ತದೆ. ನಿಮ್ಮ ಅಳಿವೆಯಲ್ಲಿ ವರ್ಷ ಪೂರ್ತಿ ನೋಡಿದರೆ ಅದು ಬಡಗಿನಿಂದ ತೆಂಕಿಗೆ ನಡೆಯುತ್ತದೆ ಎಂದೆ. ಅಂಗೈ ಓರೆ ಮಾಡಿ ರವೆಯನ್ನು ಒಂದೇ ದಿಕ್ಕಿಗೆ ತಳ್ಳಿ ತೋರಿಸಿದೆ. ಆಮೇಲೆ ನಡುವೆ ಒಂದು ಚಮಚೆ ಅಡ್ಡ ಇಟ್ಟು ಮತ್ತೆ ತಳ್ಳಿದೆ. ಚಮಚೆಯ ಈಚೆ ರವೆ ಗುಡ್ಡೆಯಾಯಿತು. ಆಚೆ ಇದ್ದದ್ದು ಮುಂದಕ್ಕೆ ಹೋಗಿ, ಹಿಂದಿನಿಂದ ಏನೂ ಬಾರದೆ, ತಟ್ಟೆಯ ತಳ ಹೊಳೆಯಿತು.

ಭಾವ ಚಮಚೆಯ ಈಚೆಯ ಗುಡ್ಡೆಯ ಮೇಲೆ ಬೆರಳಿಟ್ಟರು.

"ಅಂದ್ರೆ ನನ್ ಮಣ್ಣೇ ಅವ್ನ್ ಬದಿಗೆ ಹೋಯ್ತಾ?" ಎಂದು ಕೇಳಿದರು.

"ಹಂಗಲ್ರಿ ಭಾವ. ನಿಮ್ಮ ಮಣ್ಣು ತೆಂಕಿಗೆ ಹೋಗೇದ. ಆದ್ರ ನಿಮ್ಮ ಕಡೆ ಬರೂ ಮರಳು ಗೋಡಿಗೆ ತಡದು ಅಲ್ಲೇ ನಿಂತದ."

"ನಂಗೆ ಬಪ್ಪುದ್ ಅವ್ನತ್ರ ನಿಂತಿತ್ತ್. ಅಷ್ಟೇ ಅಲ್ದಾ?"

ಅವರು ಹೇಳಿದ್ದು ಪಾಠದ ಪ್ರಕಾರ ಸರಿಯೇ ಇತ್ತು.

ಮಾರನೆಯ ವಾರವೇ ಭಾವ ಅತ್ತೆಯ ಮುಂದೆ ಮಾತು ತೆಗೆದರು. ಪಾಲನ್ನು ಮತ್ತೆ ಮಾಡಬೇಕು, ಬಡಗು ದಡದಲ್ಲಿ ಅರ್ಧ ತನಗೆ ಬರಬೇಕು. ಕಡಲು ಕಿತ್ತುಕೊಂಡದ್ದು ತನ್ನ ತಪ್ಪಿನಿಂದಲ್ಲ, ತಮ್ಮನ ಜಾಗ ಬೆಳೆದದ್ದು ಅವನ ದುಡಿಮೆಯಿಂದಲೂ ಅಲ್ಲ. ಟೀಚರೇ ಹೇಳಿದ್ದಾಳೆ ಎಂದು ನನ್ನತ್ತ ಕೈ ತೋರಿಸಿದರು. ನನ್ನ ಗಂಡ ಎಂದಿನಂತೆ ತಲೆ ತಗ್ಗಿಸಿ ಹೂಂ ಅನ್ನುತ್ತಾರೆಂದೇ ನಾವೆಲ್ಲ ತಿಳಿದಿದ್ದೆವು. ಅವರು ಕೈಯಲ್ಲಿದ್ದ ಲೋಟ ಕೆಳಗಿಟ್ಟು, "ಕೊಡುದಿಲ್ಲ" ಎಂದರು. ಎದ್ದು ಹೋದರು.

ಆ ರಾತ್ರಿ ನಾನು ಅವರಿಗೆ ತಿಳಿಸಿ ಹೇಳಲು ನೋಡಿದೆ. ಹೊಸದಾಗಿ ತುಂಬಿದ ಮರಳು ನಮ್ಮ ಪತ್ರದಲ್ಲಿಲ್ಲ, ಕಡಲು ಬಿಟ್ಟುಕೊಟ್ಟ ನೆಲ ಸರಕಾರದ್ದು ಎನ್ನುತ್ತಾರೆ. ನಮಗಿರುವುದು ಹಳೆಯ ಕೇದಗೆಯ ಪಟ್ಟಿ ಮಾತ್ರ, ಅದಕ್ಕಾಗಿ ಯಾಕೆ ಇಷ್ಟು ಹಠ ಎಂದೆ. "ಜಾಗದ ಮಾತಲ್ಲ" ಎಂದರು. ಹಾಗಾದರೆ ಯಾವುದರ ಮಾತು ಎಂದು ಕೇಳಿದೆ. ಮೂವತ್ತು ವರ್ಷ ಜೊತೆಗೆ ಬಾಳಿದ ಮನುಷ್ಯ ಮುಖ ಗೋಡೆಗೆ ಮಾಡಿ ಮಲಗಿದರು. ಅಂದಿನಿಂದಲೇ ಹೋಟೆಲಿನಲ್ಲಿ ಆ ಮೌನ ಶುರುವಾದದ್ದು.

ಎಲ್ಲ ಒಡೆದು ಬಿದ್ದದ್ದು ಕಾಲ್ನಡಿಗೆಯಲ್ಲಿ ಯಾತ್ರೆ ಹೋಗುವ ವಾರಕರಿ ಭಕ್ತರ ಪಾಲಖಿ ಪುಣೆಯಲ್ಲಿ ತಂಗಿದ್ದ ದಿನ. ಊರಿಡೀ ವಾರಕರಿಗಳು, ರಸ್ತೆಗಳೆಲ್ಲ ಬಂದ್, ಶಾಲೆಗೂ ರಜೆ. ನಾನು ಬೆಳಿಗ್ಗೆಯಿಂದ ಹೋಟೆಲಿನಲ್ಲೇ ಇದ್ದೆ. ಹೊರಗೆ ಮಳೆ, ಒಳಗೆ ಒದ್ದೆ ಕೊಡೆ, ಒದ್ದೆ ಧೋತರ, ನಿಲ್ಲಲೂ ಜಾಗವಿಲ್ಲ. ಅತ್ತೆಯೂ ವಾರಕರಿಗಳಿಗೆ ಕೈಯಾರೆ ಚಹಾ ಕೊಡಬೇಕೆಂದು ಬಂದು ಗಲ್ಲಾದ ಪಕ್ಕ ಕುರ್ಚಿ ಹಾಕಿಸಿಕೊಂಡು ಕುಳಿತಿದ್ದರು. ಮಧ್ಯಾಹ್ನದ ಊಟದ ಹೊತ್ತಿಗೆ ಭಾವನ ಫೋನಿಗೆ ವೀಡಿಯೊ ಕಾಲ್ ಬಂತು. ಮಾಡಿದವರು ತೆಂಕು ದಡದಲ್ಲಿ ನಮ್ಮ ತೋಪಿನ ಪಕ್ಕದ ಮನೆಯ ಹಿರಿಯರು. ದೋಣಿಗೆ ಹೋಗುವುದನ್ನು ಬಿಟ್ಟು ಮನೆಯಲ್ಲಿ ಬಲೆ ರಿಪೇರಿ ಮಾಡಿಕೊಂಡಿದ್ದವರು. ಭಾವ ಫೋನನ್ನು ಬಡೆಸೋಪಿನ ಬಟ್ಟಲಿಗೆ ಒರಗಿಸಿ ಇಟ್ಟು, ಗಿರಾಕಿಗಳಿಗೆ ಚಿಲ್ಲರೆ ಕೊಡುತ್ತಲೇ ನೋಡತೊಡಗಿದರು.

ನಾನು ಅವರ ಹೆಗಲ ಮೇಲಿಂದ ಬಗ್ಗಿ ನೋಡಿದೆ. ಕಡಲಿನ ಬಣ್ಣ ಕೆಂಪು ಮಣ್ಣಿನಂತಾಗಿತ್ತು. ಅಲೆ ಬಂದು ದಡಕ್ಕೆ ಹೊಡೆಯುವಾಗ ಏನೂ ಆಗದಂತೆ ಕಾಣುತ್ತಿತ್ತು. ಹಿಂದೆ ಸರಿಯುವಾಗ ಕೆಳಗಿನಿಂದ ಮಣ್ಣನ್ನು ಬಾಚಿಕೊಂಡು ಹೋಗುತ್ತಿತ್ತು. ದಡದ ಅಂಚಿನಲ್ಲಿ ಒಂದು ತೆಂಗಿನ ಮರದ ಬೇರುಗಳೆಲ್ಲ ಗಾಳಿಯಲ್ಲಿ ತೂಗುತ್ತಿದ್ದವು, ಮರ ಮಾತ್ರ ಇನ್ನೂ ನೆಟ್ಟಗೆ ನಿಂತಿತ್ತು. ಅದರಾಚೆ ನಾಗಬನ. ಬನದ ಎರಡು ಮರ ಆಗಲೇ ಇರಲಿಲ್ಲ. ಕಲ್ಲುಗಳಿಗೂ ಅಂಚಿಗೂ ನಡುವೆ ಒಬ್ಬ ಮನುಷ್ಯ ಮಲಗುವಷ್ಟು ನೆಲ ಉಳಿದಿತ್ತು.

"ಕಾಣ್ತಾ?" ಎಂದರು ಹಿರಿಯರು. "ಇನ್ನೊಂದ್ ಉಬ್ಬರಕ್ಕೆ ಇದ್ ನಿಲ್ಲುದಿಲ್ಲ. ನಾ ಎತ್ತುದಾ, ಬಿಡುದಾ? ನೀವ್ ಹೇಳ್ದೆ ಮುಟ್ಟುದಿಲ್ಲ."

ನಾಗರ ಕಲ್ಲನ್ನು ಪೂಜೆ ಮಾಡುವವರ ಹೊರತು ಯಾರೂ ಮುಟ್ಟುವಂತಿಲ್ಲ. ಕದಲಿಸುವುದಾದರೆ ಅದಕ್ಕೆ ದಿನ ನೋಡಬೇಕು, ಹೋಮ ಮಾಡಬೇಕು. ಭಟ್ಟರಿಗೆ ಹೇಳಿಕಳಿಸಲು ಹೊತ್ತಿರಲಿಲ್ಲ. ಭಾವ ಅತ್ತೆಯ ಕಡೆ ತಿರುಗಿದರು. ಎದುರಿಗೆ ನಿಂತ ಗಿರಾಕಿ "ದಾದಾ, ಸುಟ್ಟೆ ದ್ಯಾ" ಎಂದು ಚಿಲ್ಲರೆಗೆ ಕೈ ಚಾಚಿಯೇ ಇದ್ದ.

ಅತ್ತೆ ಫೋನನ್ನು ಹತ್ತಿರ ತರಿಸಿಕೊಂಡು ನೋಡಿದರು. "ಎತ್ತುಕೆ ಹೇಳ್" ಎಂದರು. "ನೀರ್ ಪಾಲ್ ಆಪ್ದಕ್ಕಿಂತ ಮನ್ಶರ್ ಕೈ ಸೋಂಕುದ್ ಒಳ್ಳೇದ್. ದೋಷ ಬಂದ್ರೆ ನಂಗೆ ಬರ್ಲಿ."

ಭಾವ ಎತ್ತಲು ಹೇಳಿದರು. ಆದರೆ ಎತ್ತಿ ಎಲ್ಲಿ ಇಡುವುದು ಎಂದು ಹಿರಿಯರು ಕೇಳಿದರು. ತನ್ನ ಅಂಗಳಕ್ಕೂ ನಾಳೆ ನೀರು ಬರುತ್ತದೆ ಎಂದರು. ಆ ದಡದಲ್ಲಿ ಭಾವನ ಜಾಗವೆಂಬುದು ಉಳಿದಿರಲಿಲ್ಲ. ಆಚೆ ದಡದಲ್ಲಿ ಜಾಗವಿತ್ತು, ಅದು ಅವರದ್ದಲ್ಲ. ಅಡುಗೆಮನೆಯ ಕಿಂಡಿಯ ಕಡೆ ನೋಡಲೂ ಅವರಿಂದ ಆಗಲಿಲ್ಲ. ನಾನೇ ಒಳಗೆ ಹೋಗಿ ಕರೆಯಬೇಕೆಂದು ತಿರುಗಿದೆ. ನನ್ನ ಗಂಡ ಆಗಲೇ ಬಾಗಿಲಲ್ಲಿ ನಿಂತಿದ್ದರು, ಎರಡೂ ಕೈಗೆ ದೋಸೆ ಹಿಟ್ಟು. ಎಷ್ಟು ಹೊತ್ತಿನಿಂದ ಕೇಳಿಸಿಕೊಳ್ಳುತ್ತಿದ್ದರೋ ತಿಳಿಯದು. ಹಿಟ್ಟಿನ ಕೈಯಲ್ಲೇ ಬಂದು ಫೋನಿಗೆ ಬಗ್ಗಿ, ಅಣ್ಣನ ಕಡೆ ನೋಡದೆ, ಹಿರಿಯರಿಗೆ ಹೇಳಿದರು:

"ಸೇತುವೆ ಮೇಲೆ ಆಚಿ ಬದಿಗೆ ತಕಂಡ್ ಹೋಗಿ. ನನ್ ಜಾಗದಗೆ ಇಡಿ."

ಹಿರಿಯರು ತಮ್ಮ ಅಳಿಯನನ್ನು ಕರೆದು ಫೋನು ಅವನ ಕೈಗೆ ಕೊಟ್ಟರು. ಕಾಲಿನ ಚಪ್ಪಲಿ ಬಿಟ್ಟು, ಕೈ ಮುಗಿದು, ಮೊದಲನೆಯ ಕಲ್ಲನ್ನು ಅಲುಗಿಸಿ ಎಬ್ಬಿಸಿದರು. ಗೋಣಿಯಲ್ಲಿ ಸುತ್ತಿ ಹಿಂದೆ ತಂದಿಟ್ಟರು. ಎರಡನೆಯದು ಸಲೀಸಾಗಿ ಬಂತು. ಮೂರನೆಯದು ಎಲ್ಲಕ್ಕಿಂತ ಹಳೆಯದು, ಹೆಡೆಯ ಗೆರೆ ಸವೆದು ಬರಿಯ ಗುಂಡುಕಲ್ಲಿನಂತೆ ಕಾಣುವುದು. ಅದು ಅಂಚಿಗೆ ಎಲ್ಲಕ್ಕಿಂತ ಹತ್ತಿರ ಇತ್ತು. ಅವರು ಮಂಡಿಯೂರಿ ಅದರ ಬುಡ ಕೆದಕುತ್ತಿದ್ದಾಗ ಒಂದು ಅಲೆ ಬಂದು ಹಿಂದಕ್ಕೆ ಹೋಯಿತು. ನನ್ನ ಕಣ್ಣು ಅವರ ಮಂಡಿಯ ಪಕ್ಕದ ನೆಲದ ಮೇಲಿತ್ತು. ಅಲ್ಲಿ ಕೂದಲಿನಷ್ಟು ಸಣ್ಣ ಬಿರುಕು ಮೂಡಿತ್ತು.

"ಭಾವ, ಅವರನ್ನ ಹಿಂದ ಸರೀಲಿಕ್ಕೆ ಹೇಳ್ರಿ" ಎಂದೆ. "ತಳಗ ಮಣ್ಣೇ ಇಲ್ಲ."

"ಕಲ್ಲ್ ಬಿಡಿ, ನೀವ್ ಮೇಲೆ ಬನ್ನಿ" ಎಂದು ಭಾವ ಕೂಗಿದರು. ಇಡೀ ಹೋಟೆಲು ತಿರುಗಿ ನೋಡಿತು. ಹಿರಿಯರು ತಲೆ ಎತ್ತಿದರು. ಅಷ್ಟರಲ್ಲಿ ಆ ನೆಲ, ಅದರ ಮೇಲಿನ ಕಲ್ಲು, ಅವರು, ಎಲ್ಲ ಒಟ್ಟಿಗೆ ಕೆಳಗೆ ಇಳಿದವು. ಫೋನು ಹಿಡಿದ ಅಳಿಯ ಓಡಿದನೋ ಕೈಬಿಟ್ಟನೋ, ಪರದೆಯ ತುಂಬ ಬೂದು ಬಣ್ಣದ ಆಕಾಶ ಕಾಣಿಸಿತು. ಅಲೆಯ ಸದ್ದು ಬಂತು. ಆಮೇಲೆ ಕಾಲ್ ಕಡಿಯಿತು.

ಮತ್ತೆ ಮತ್ತೆ ಹಚ್ಚಿದೆವು. ಹತ್ತಲಿಲ್ಲ. ಭಾವನಿಗೆ ಊರಿನಲ್ಲಿ ಗೊತ್ತಿದ್ದ ಇನ್ನಿಬ್ಬರಿಗೆ ಮಾಡಿದೆವು. ಒಬ್ಬರು ಎತ್ತಲಿಲ್ಲ, ಇನ್ನೊಬ್ಬರು ಪೇಟೆಯಲ್ಲಿದ್ದರು, ಹೋಗಿ ನೋಡಿ ಹೇಳುತ್ತೇನೆ ಎಂದರು. ಹೊರಗೆ ತಾಳದ ಸದ್ದು, ಅಭಂಗ. ಒಳಗೆ ಗಿರಾಕಿಗಳು ಬರುತ್ತಲೇ ಇದ್ದರು. ಹೋಟೆಲು ನಿಲ್ಲಿಸುವಂತಿರಲಿಲ್ಲ. ನಾನು ಗಲ್ಲಾಕ್ಕೆ ಕುಳಿತೆ. ಕೈ ಕೆಲಸ ಮಾಡುತ್ತಿತ್ತು, ಕಣ್ಣಿನಲ್ಲಿ ಆ ಬಿರುಕೇ ಇತ್ತು. ಅತ್ತೆ ಕಣ್ಣು ಮುಚ್ಚಿ ಕುಳಿತಿದ್ದರು. ಕಲ್ಲು ಎತ್ತಲು ಹೇಳಿದ್ದು ತಾನು ಎಂಬುದೊಂದೇ ಅವರ ತಲೆಯಲ್ಲಿ ಓಡುತ್ತಿದೆ ಎಂದು ನನಗೆ ಗೊತ್ತಿತ್ತು.

ಅಣ್ಣ ತಮ್ಮ ಇಬ್ಬರೂ ಗಲ್ಲಾದ ಹಿಂದಿನ ಅಕ್ಕಿಚೀಲಗಳ ಮೇಲೆ ಅಕ್ಕಪಕ್ಕ ಕುಳಿತರು. ನಡುವೆ ಫೋನು. ನನ್ನ ಗಂಡನ ಕೈಯ ಹಿಟ್ಟು ಒಣಗಿ ಬಿರುಕು ಬಿಡುತ್ತಿತ್ತು. ಅವರು ಅದನ್ನು ಉಗುರಿನಿಂದ ಕೆರೆದು ಕೆರೆದು ತೆಗೆಯುತ್ತಿದ್ದರು. ಹಾಗೆಯೇ ಕೆಳಗೆ ನೋಡುತ್ತ ಕೇಳಿದರು:

"ಅಂದ್ ಪಾಲ್ ಮಾಡುವಾಗ ನೀ ನನ್ನ ಒಂದ್ ಮಾತ್ ಕೇಳಿದ್ಯಾ, ಅಣ್ಣಯ್ಯ? ನಿಂಗೆ ಯಾವ್ದ್ ಬೇಕ್ ಅಂದೇಳಿ?"

ಒಬ್ಬ ಅಜ್ಜಿ ಬಂದು ನನ್ನ ಹತ್ತಿರ ಕುಡಿಯುವ ನೀರು ಕೇಳಿದಳು, ಕೊಟ್ಟೆ. ಅವಳು ಕುಡಿದು, ಲೋಟ ಇಟ್ಟು, "ಮಾವುಲಿ" ಎಂದು, ತಾಯಿಗೆ ಮುಗಿಯುವಂತೆ ಕೈಮುಗಿದು ಹೋದ ಮೇಲೆ ಭಾವನ ದನಿ ಕೇಳಿಸಿತು.

"ಇಲ್ಲ. ಕೇಳುಕಿತ್ತ್."

ಮತ್ತೆ ಅವರೇ ಹೇಳಿದರು. ಬಡಗಿನಲ್ಲಿ ಅರ್ಧ ಕೇಳಿದ್ದು ನಾಗನಿಗೂ ಒಂದು ನೆಲೆ ಬೇಕಿತ್ತು ಎಂಬುದಕ್ಕೆ. ಬರಿಯ ನಾಗನಿಗೆ ಎಂದು ಕೇಳಲು ಮನಸ್ಸು ಬರಲಿಲ್ಲ, ಬೇಡಿದಂತಾಗುತ್ತಿತ್ತು, ಹಾಗಾಗಿ ಪಾಲು ಎಂದು ಕೇಳಿದೆ ಎಂದರು. ಅದು ಪೂರ್ತಿ ನಿಜವೋ, ಆ ಹೊತ್ತಿಗೆ ಅವರಿಗೆ ಹಾಗೆ ಅನ್ನಿಸಿತೋ ನನಗೆ ಈಗಲೂ ತಿಳಿಯದು. ನನ್ನ ಗಂಡ ಫೋನನ್ನು ಎತ್ತಿ ಚಾರ್ಜ್ ಇದೆಯೇ ಎಂದು ನೋಡಿ ಮತ್ತೆ ಅದೇ ಜಾಗದಲ್ಲಿ ಇಟ್ಟರು.

ಸಂಜೆಯ ಇಡ್ಲಿ ಪಾತ್ರೆ ಒಲೆಗೆ ಏರುವ ಹೊತ್ತಿಗೆ ಕಾಲ್ ಬಂತು. ಹಿರಿಯರೇ ಮಾತಾಡಿದರು. ಅವರ ದನಿ ಕೇಳಿದ್ದೇ ಭಾವ ಫೋನನ್ನು ತಮ್ಮನಿಗೆ ಕೊಟ್ಟುಬಿಟ್ಟರು. ಕೆಳಗೆ ಬಿದ್ದದ್ದು ಮೆತ್ತನೆಯ ಮರಳಿನ ಮೇಲೆ, ಮುಂದಿನ ಅಲೆ ಬರುವ ಮೊದಲೇ ಅಳಿಯ ಬನದ ಮರದ ಬೇರಿಗೆ ಹಗ್ಗ ಕಟ್ಟಿ ಇಳಿಬಿಟ್ಟು ಎಳೆದುಕೊಂಡನಂತೆ. ಮಂಡಿ ತರಚಿದೆ, ಹೆಗಲು ನೋಯುತ್ತಿದೆ, ಬೇರೆ ಏನಿಲ್ಲ. ಎರಡು ಕಲ್ಲುಗಳನ್ನು ರಿಕ್ಷಾದಲ್ಲಿ ಇಟ್ಟುಕೊಂಡು ಸೇತುವೆ ದಾಟಿ ಬಡಗು ದಡಕ್ಕೆ ತಲುಪಿಸಿದ್ದಾಗಿದೆ. ಮೂರನೆಯದು ಹೋಯಿತು. ಅದನ್ನು ಹೇಳುವಾಗ ಅವರು ಕ್ಷಮೆ ಕೇಳಿದರು. ಅತ್ತೆ ಫೋನು ಇಸಿದುಕೊಂಡು, ನೀವು ಉಳಿದಿರಲ್ಲ, ಅಷ್ಟು ಸಾಕು, ಇನ್ನೊಂದು ಮಾತು ಆಡಬೇಡಿ ಎಂದು ಗದರಿದಂತೆ ಹೇಳಿದರು. ಹೇಳಿ ಮುಗಿಸಿ ಸೆರಗು ಬಾಯಿಗೆ ಒತ್ತಿಕೊಂಡರು.

ಮಳೆಗಾಲ ಮುಗಿದ ಮೇಲೆ ನಾವೆಲ್ಲ ಸ್ವಾರಗೇಟದಿಂದ ಬಸ್ಸು ಹಿಡಿದು ಊರಿಗೆ ಹೋದೆವು. ಭಟ್ಟರನ್ನು ಕರೆಸಿ, ಕೇದಗೆಯ ಪಟ್ಟಿಯ ಎತ್ತರದ ಕಡೆಯಲ್ಲಿ ಎರಡು ಕಲ್ಲುಗಳನ್ನು ಪ್ರತಿಷ್ಠೆ ಮಾಡಿಸಿದೆವು. ಹಿರಿಯರು ಹೆಗಲಿಗೆ ಟವೆಲ್ ಹೊದ್ದುಕೊಂಡು ದೂರದಲ್ಲೇ ನಿಂತಿದ್ದರು, ಅತ್ತೆ ಅವರನ್ನು ಕರೆದು ಮುಂದಿನ ಸಾಲಿನಲ್ಲಿ ಕೂರಿಸಿದರು. ಊಟವಾದ ಮೇಲೆ ಅಣ್ಣ ತಮ್ಮ ನೀರಿನ ಕಡೆ ನಡೆದರು, ನಾನೂ ಹಿಂದೆ ಹೋದೆ. ಇಷ್ಟು ವರ್ಷ ಬೆಳೆಯುತ್ತ ಬಂದಿದ್ದ ಮರಳು ಆ ವರ್ಷ ಬೆಳೆದಿರಲಿಲ್ಲ. ತಡೆಗೋಡೆಯ ತುದಿಯವರೆಗೂ ತುಂಬಿ, ಈಗ ತುದಿಯನ್ನು ಸುತ್ತಿ ಅಳಿವೆಯ ಬಾಯಿಗೇ ಇಳಿಯುತ್ತಿತ್ತು. ದೋಣಿಗಳು ಮತ್ತೆ ಮರಳಿಗೆ ತಾಗಿ ನಿಲ್ಲುತ್ತಿವೆ, ಹೂಳು ತೆಗೆಸಬೇಕೆಂದು ಅರ್ಜಿ ಕೊಟ್ಟಿದ್ದೇವೆ ಎಂದು ಅಲ್ಲಿದ್ದವರು ಹೇಳಿದರು. ಆಚೆ ದಡದಲ್ಲಿ ಲಾರಿಗಳು ಬಂಡೆ ತಂದು ಸುರಿಯುತ್ತಿದ್ದವು. ತೋಪಿದ್ದ ಕಡೆ ಬರಿಯ ಕಪ್ಪು ಕಲ್ಲಿನ ಸಾಲು.

ತಮ್ಮನ ಗಡಿ ಎಲ್ಲಿಗೆ ಮುಗಿಯುತ್ತದೆ ಎಂದು ಭಾವ ಕೇಳಿದರು. ನನ್ನ ಗಂಡ ಸುತ್ತ ನೋಡಿ, ಗೊತ್ತಿಲ್ಲ, ಗಡಿಕಲ್ಲುಗಳೆಲ್ಲ ಮರಳಿನ ಕೆಳಗೆ ಹೂತುಹೋಗಿವೆ ಎಂದರು. ತನ್ನವು ನೀರಿನ ಕೆಳಗಿವೆ ಎಂದರು ಭಾವ. ಅವರು ಮತ್ತೆ ಅರ್ಧ ಕೇಳಲಿಲ್ಲ. ಇವರು ಕೊಡುತ್ತೇನೆ ಎನ್ನಲೂ ಇಲ್ಲ. ಇಬ್ಬರೂ ಅಲ್ಲಿಯೇ ನಿಂತು, ಹೋಟೆಲಿಗೆ ಹೊಸ ಗ್ರೈಂಡರ್ ತರುವ ಮಾತು ಆಡತೊಡಗಿದರು. ಹಳೆಯದು ಕೊಯಿಮತ್ತೂರಿನದು, ಅದೇ ಒಳ್ಳೆಯದು ಎಂದು ನನ್ನ ಗಂಡ, ಇಲ್ಲ, ಪುಣೆಯಲ್ಲಿಯೇ ಸಿಗುತ್ತದೆ ಎಂದು ಭಾವ. ದನಿ ಸ್ವಲ್ಪ ಏರಿತು. ಒಂದು ವರ್ಷದಿಂದ ಅವರಿಬ್ಬರೂ ಎದುರುಬದುರು ನಿಂತು ವಾದ ಮಾಡಿದ್ದನ್ನು ನಾನು ಕೇಳಿರಲಿಲ್ಲ.

ಈಗ ಮಾತು ಇದೆ. ಹೋಟೆಲಿನ ಮಾತು, ಅತ್ತೆಯ ಔಷಧದ ಮಾತು. ಊರಿನ ಜಾಗದ ಮಾತು ಇಬ್ಬರೂ ಎತ್ತುವುದಿಲ್ಲ. ಹಿರಿಯರ ಮನೆಯವರು ಪೇಟೆಯ ಕಡೆ ಬಾಡಿಗೆಗೆ ಹೋಗಿದ್ದಾರೆ, ಆದರೂ ಅವರು ದಿನಾ ಬಂದು ದಡ ನೋಡಿಕೊಂಡು ಹೋಗುತ್ತಾರಂತೆ. ಪುಣೆಯಲ್ಲಿ ಮೊದಲ ಮಳೆ ಬಿದ್ದ ಮೇಲೆ, ಮಧ್ಯಾಹ್ನದ ಗದ್ದಲದಲ್ಲಿ ಯಾರದೇ ಫೋನು ಹೊಡೆದುಕೊಂಡರೂ ಭಾವನ ಕೈ ಚಿಲ್ಲರೆಯ ಮೇಲೆ ನಿಲ್ಲುತ್ತದೆ. ಅಡುಗೆಮನೆಯ ಕಿಂಡಿಯಲ್ಲಿ ನನ್ನ ಗಂಡನ ಮುಖ ಕಾಣಿಸುತ್ತದೆ. ಗಿರಾಕಿಯದೇ ಫೋನು ಎಂದು ತಿಳಿದ ಮೇಲೆ ಮುಖ ಒಳಗೆ ಹೋಗುತ್ತದೆ.